‘ಮಿನ್‌ಜುನ್’ ಅಂದ್ರೆ ಏನು? ಗುರುವಾರದೊಳಗೆ ಬೇಕು

ಎಲ್ಲರಿಗೂ ನಮಸ್ಕಾರ. ನಾನಿರುವುದು ಕೊರಿಯಾದ ಸುವೊನ್‌ನಲ್ಲಿ. ಜೊತೆಗೆ ಕೆಲಸ ಮಾಡುವವರ ಮಗನಿಗೆ ಶನಿವಾರ ಒಂದು ವರ್ಷ ತುಂಬುತ್ತದೆ. ಇಲ್ಲಿ ಅದು ದೊಡ್ಡ ಹಬ್ಬ, ‘ದೋಲ್’ ಅನ್ನುತ್ತಾರೆ. ಮಗುವಿನ ಮುಂದೆ ದಾರದ ಉಂಡೆ, ಪೆನ್ಸಿಲ್, ದುಡ್ಡು, ಅಕ್ಕಿ ಎಲ್ಲ ಇಡುತ್ತಾರೆ. ಅದು ಯಾವುದಕ್ಕೆ ಕೈ ಹಾಕುತ್ತೋ ಅದೇ ಅದರ ಹಣೆಬರಹ. ಕನ್ನಡದಲ್ಲಿ ಒಂದು ಬ್ಯಾನರ್ ಮಾಡಿಸಿಕೊಡುತ್ತೇನೆ ಅಂತ ಬಾಯಿ ತಪ್ಪಿ ಹೇಳಿಬಿಟ್ಟೆ. ಮೇಲೆ ಹೆಸರು, ಕೆಳಗೆ ಅರ್ಥ. ಹುಡುಗನ ಹೆಸರು ಮಿನ್‌ಜುನ್. ಇದರ ಅರ್ಥ ಏನು? ಬರೆಯುವುದು ಮಿನ್‌ಜುನ್ ಅಂತಲೋ, ಮಿಂಜುನ್ ಅಂತಲೋ? ಪ್ರಿಂಟ್ ಅಂಗಡಿಯವರು ಗುರುವಾರ ಸಂಜೆಗೆ ಫೈಲ್ ಕೇಳಿದ್ದಾರೆ.
– ಸುವೊನ್‌ನಿಂದ

ಅನುಸ್ವಾರ ಹಾಕಿ. ಕೊನೆಗೊಂದು ಸ್ವರವನ್ನೂ ಹಾಕಿ. ‘ಮಿಂಜುನು’. ಕನ್ನಡದ ಪದ ವ್ಯಂಜನದಲ್ಲಿ ಮುಗಿಯುವ ಕಾಲ ಹಳಗನ್ನಡದ ಜೊತೆಗೇ ಹೋಯಿತು. ಬಸ್ಸು, ಕಾರು, ಲೈಟು ಅನ್ನುವ ನಾಲಿಗೆಗೆ ಇದೊಂದು ಭಾರವಾ? ಅರ್ಥ ನೆಟ್‌ನಲ್ಲಿ ಸಿಗುತ್ತದೆ, ಹುಡುಕಿಕೊಳ್ಳಿ.
– ಧಾರವಾಡದಿಂದ

ಅರ್ಥಕ್ಕೆ ನೆಟ್ ಯಾಕೆ? ಕಿವಿ ಸಾಕು. ಮಿನುಗು, ಮಿಂಚು – ಎರಡರ ಬೇರೂ ‘ಮಿನ್’. ಕೊರಿಯಾದ ಮಕ್ಕಳೂ ಅಪ್ಪನಿಗೆ ‘ಅಪ್ಪಾ’ ಅಂತಲೇ ಕರೆಯುತ್ತವೆ. ಅಮೆರಿಕದ ಮಿಷನರಿ ಹಲ್ಬರ್ಟ್ 1905ರಲ್ಲೇ ಕೊರಿಯನ್ನನ್ನೂ ದ್ರಾವಿಡ ನುಡಿಗಳನ್ನೂ ಪಕ್ಕಪಕ್ಕ ಇಟ್ಟು ವ್ಯಾಕರಣ ಬರೆದಿದ್ದು ಸುಮ್ನೇನಾ? ‘ಮಿನುಗುವವನು’ ಅಂತ ಹಾಕಿ, ಮುಗೀತು.
– ಮೈಸೂರಿನಿಂದ

ಮೇಷ್ಟ್ರೇ, ಬೇಡ. ಹಲ್ಬರ್ಟ್ ಮಾತನ್ನು ಈಗ ಹೆಚ್ಚಿನ ಭಾಷಾವಿಜ್ಞಾನಿಗಳು ಒಪ್ಪುವುದಿಲ್ಲ. ಅಪ್ಪ ಅಮ್ಮ ಎಲ್ಲ ಊರಿನ ಮಕ್ಕಳ ತೊದಲು. ಅದರ ಮೇಲೆ ಮನೆ ಕಟ್ಟಬೇಡಿ.

ಇಲ್ಲಿ ಕಿವಿ ಸಾಕಾಗುವುದಿಲ್ಲ, ತೊಂದರೆ ಇರುವುದೇ ಅಲ್ಲಿ. ನಾನು ಸೋಲ್‌ನಲ್ಲಿ ಆರು ವರ್ಷ ಇದ್ದವನು. ಹೆಸರು ಬರೆಯುವುದು ಅವರದೇ ಲಿಪಿ ಹಂಗುಲ್‌ನಲ್ಲಿ, ಅರ್ಥ ಕೂತಿರುವುದು ಅದರ ಹಿಂದಿನ ಚೀನೀ ಅಕ್ಷರದಲ್ಲಿ. ಆ ಅಕ್ಷರಕ್ಕೆ ಅವರು ‘ಹಂಜ’ ಅನ್ನುತ್ತಾರೆ. ‘ಮಿನ್’ ಅಂತ ಓದುವ ಹಂಜ ಎಷ್ಟೋ ಇವೆ. ಒಂದು ಅಂದರೆ ಬಾನು, ಒಂದು ಅಂದರೆ ಜನ, ಒಂದು ಚುರುಕು, ಇನ್ನೊಂದು ಹರಳಿನಂಥ ಚೆಂದದ ಕಲ್ಲು. ‘ಜುನ್’ ಕೂಡ ಹಾಗೇ. ಜಾಣ, ಜಾತಿ ಕುದುರೆ, ಕಡಿದಾದ ಗುಡ್ಡ, ಮಟ್ಟ, ಹೂಳೆತ್ತುವುದು. ಹೌದು, ನಾವು ಕೆರೆ ಹೂಳೆತ್ತುತ್ತೇವಲ್ಲ, ಅದೇ. 2000ರ ದಶಕದ ನಡುವಿನಿಂದ ಬಹಳ ವರ್ಷ ಅಲ್ಲಿ ಗಂಡುಮಕ್ಕಳಿಗೆ ಎಲ್ಲಕ್ಕಿಂತ ಜಾಸ್ತಿ ಇಟ್ಟ ಹೆಸರು ಇದು. ಒಂದೇ ಕ್ಲಾಸಿನಲ್ಲಿ ಮೂವರು ಮಿನ್‌ಜುನ್ ಕೂತಿದ್ದರೆ ಮೂವರ ಅರ್ಥವೂ ಬೇರೆ ಇರಬಹುದು.

ಸಿಕ್ಕ ಹಂಜವನ್ನೆಲ್ಲ ಇಡುವಂತೆಯೂ ಇಲ್ಲ. ಹೆಸರಿಗೆ ಯಾವ ಹಂಜ ನಡೆಯುತ್ತೆ ಅಂತ ಸುಪ್ರೀಂ ಕೋರ್ಟಿನ ಪಟ್ಟಿ ಇದೆ. 1991ರಲ್ಲಿ ಶುರುವಾದಾಗ ಅದರಲ್ಲಿ ಇದ್ದದ್ದು 2,731. ಜನ ಗೊಣಗಿದಂತೆಲ್ಲ ಬೆಳೆದು 2015ಕ್ಕೆ 8,142 ಆಯಿತು.

ಹಿಂದೆಲ್ಲ ಎರಡರಲ್ಲಿ ಒಂದು ಅಕ್ಷರವನ್ನು ಮನೆತನವೇ ಗೊತ್ತುಮಾಡುತ್ತಿತ್ತು. ಒಂದು ತಲೆಮಾರಿನ ಅಣ್ಣತಮ್ಮಂದಿರು, ದಾಯಾದಿಗಳು ಎಲ್ಲರಿಗೂ ಅದೇ ಅಕ್ಷರ. ಹೆಸರು ನೋಡಿದರೆ ಸಾಕು, ಇವನು ನನಗೆ ಚಿಕ್ಕಪ್ಪನಾಗಬೇಕೋ ಮಗನಾಗಬೇಕೋ ಗೊತ್ತಾಗುತ್ತಿತ್ತು. ಅಜ್ಜನ ಅಕ್ಷರದಲ್ಲಿ ಮರದ ಗುರುತು ಇದ್ದರೆ ಅಪ್ಪನದರಲ್ಲಿ ಬೆಂಕಿ, ಮಗನದರಲ್ಲಿ ಮಣ್ಣು, ಆಮೇಲೆ ಲೋಹ, ಆಮೇಲೆ ನೀರು, ಮತ್ತೆ ಮರ. ಈಗ ಅದನ್ನು ಬಿಟ್ಟ ಮನೆಗಳೇ ಜಾಸ್ತಿ. ಹೆಸರು ಕಟ್ಟಿಕೊಡುವ ಅಂಗಡಿಗೆ ಹೋಗುತ್ತಾರೆ. ಹುಟ್ಟಿದ ವರ್ಷ, ತಿಂಗಳು, ದಿನ, ಹೊತ್ತು ಕೇಳಿ, ಈ ಮಗುವಿಗೆ ನೀರು ಕಮ್ಮಿ, ನೀರಿರುವ ಅಕ್ಷರ ಇಡಿ ಅನ್ನುತ್ತಾರೆ. ನಾವು ಅಶ್ವಿನಿ ನಕ್ಷತ್ರ ಅಂದರೆ ಚು, ಚೆ, ಚೊ, ಲ ಅಂತ ತಡಕಾಡಲ್ವಾ? ನಮ್ಮಲ್ಲಿ ನಕ್ಷತ್ರ ಸದ್ದನ್ನು ಆರಿಸುತ್ತೆ, ಅವರಲ್ಲಿ ಜಾತಕ ಬರಹವನ್ನು ಆರಿಸುತ್ತೆ. ಅಷ್ಟೇ ಫರಕು.

ಹಾಗಾಗಿ ಹುಡುಗನ ಅಪ್ಪನನ್ನೇ ಕೇಳಿ. ಬರಹ ಮಾತ್ರ ‘ಮಿನ್‌ಜುನ್’ ಅಂತಲೇ ಇರಲಿ. ಅದು ಎರಡು ಅಕ್ಷರ, ಎರಡು ಅರ್ಥ. ಅನುಸ್ವಾರ ಹಾಕಿದರೆ ನಡುವಿನ ಗೆರೆ ಅಳಿಸಿಹೋಗುತ್ತದೆ. ದೀರ್ಘ ಹಾಕಬೇಡಿ, ಜೂನ್ ತಿಂಗಳಾಗುತ್ತದೆ.
– ಮಂಗಳೂರಿನಿಂದ

ಹಾಗಾದರೆ ಇದು ಕೊರಿಯನ್ ಹೆಸರೇ ಅಲ್ಲ. ಚೀನಾದ ಎರವಲು. ಸ್ವಂತ ಲಿಪಿಯನ್ನು 1446ರಲ್ಲೇ ಹೊರತಂದವರು ಹೆಸರಿನ ಅರ್ಥಕ್ಕೆ ಇನ್ನೂ ಪಕ್ಕದ ಮನೆ ಬಾಗಿಲು ತಟ್ಟುವುದೇ? ನಮ್ಮ ಸಂಸ್ಕೃತದ ಗೀಳೇ ಅಲ್ಲೂ.
– ಮೈಸೂರಿನಿಂದ

ಮೇಷ್ಟ್ರೇ, ನಿಮ್ಮ ಮೊಮ್ಮಕ್ಕಳ ಹೆಸರಲ್ಲಿ ಒಂದಾದರೂ ಅಚ್ಚಗನ್ನಡ ಇದೆಯಾ? ಇದ್ದರೆ ಹೇಳಿ, ಆಮೇಲೆ ಕೊರಿಯಾ ನೋಡೋಣ. ಎರವಲು ನಾಲ್ಕು ತಲೆಮಾರು ಮನೆಯಲ್ಲಿದ್ದರೆ ಅದು ಮನೆಯದೇ. ನನ್ನ ತಕರಾರು ಕೊನೆಯ ಸ್ವರದ್ದು ಮಾತ್ರ. ಅದಕ್ಕೆ ಇನ್ನೂ ಉತ್ತರ ಬಂದಿಲ್ಲ.
– ಧಾರವಾಡದಿಂದ

ಅಚ್ಚಕೊರಿಯನ್ ಹೆಸರೂ ಇವೆ, ಮೇಷ್ಟ್ರು ಸಮಾಧಾನ ಮಾಡಿಕೊಳ್ಳಲಿ. ಹಾನುಲ್ ಅಂದರೆ ಬಾನು. ಗರಮ್ ಅಂದರೆ ಹೊಳೆ, ಹಳೇ ಮಾತು. ಇವಕ್ಕೆ ಹಂಜ ಇಲ್ಲ, ನೋಂದಣಿಯಲ್ಲಿ ಆ ಕಾಲಂ ಖಾಲಿ. ಹಾಗಂತ ಅಚ್ಚ ಮಾತೆಲ್ಲ ಚೆಂದ ಅಂದುಕೊಳ್ಳಬೇಡಿ. ಗೊಜೊಂಗ್ ದೊರೆಯನ್ನು ಚಿಕ್ಕಂದಿನಲ್ಲಿ ಕರೆಯುತ್ತಿದ್ದದ್ದು ‘ಗೆತ್ತೊಂಗ್’ ಅಂತೆ. ಅಂದರೆ ನಾಯಿ ಕಕ್ಕ. ಕೆಟ್ಟ ಹೆಸರಿದ್ದರೆ ಸಾವು ಹತ್ತಿರ ಬರುವುದಿಲ್ಲ ಅನ್ನುವ ನಂಬಿಕೆ. ನಮ್ಮಲ್ಲೂ ಮಕ್ಕಳು ಉಳಿಯದ ಮನೆಯಲ್ಲಿ ತಿಪ್ಪ, ಗುಂಡ ಅಂತ ಇಡುತ್ತಿದ್ದರಲ್ಲ, ಅದೇ ದಾರಿ.
– ಮಂಗಳೂರಿನಿಂದ

ಎಲ್ಲರಿಗೂ ಥ್ಯಾಂಕ್ಸ್. ಇವತ್ತು ಊಟದ ಹೊತ್ತಿನಲ್ಲಿ ಅಪ್ಪನನ್ನೇ ಕೇಳಿದೆ. ಅವರು ಹಳದಿ ಚೀಟಿಯ ಮೇಲೆ ಬರೆಯಲು ಕೂತರು. ಮೊದಲನೆಯದು ಸಲೀಸಾಗಿ ಬಂತು. ಎರಡನೆಯದರ ಅರ್ಧಕ್ಕೆ ಪೆನ್ನು ನಿಂತಿತು. ನಾಚಿಕೊಂಡು ಫೋನ್ ತೆಗೆದು, ಮಗನ ಹೆಸರನ್ನೇ ನೋಡಿಕೊಂಡು ಮುಗಿಸಿದರು. ಎಡಗಡೆಯ ಮೂರು ಚುಕ್ಕೆ ತೋರಿಸಿ ‘ನೀರು’ ಅಂದರು. ಅಂಗಡಿಯವರು ಹುಡುಗನಿಗೆ ನೀರು ಕಮ್ಮಿ ಅಂದಿದ್ದರಂತೆ. ಅಂದರೆ ನಮ್ಮ ಹುಡುಗ ಜಾಣನೂ ಅಲ್ಲ, ಕುದುರೆಯೂ ಅಲ್ಲ. ಹೂಳೆತ್ತುವ ಜುನ್. ಮಿನ್ ಅಂದರೆ ಬಾನು.

ಬ್ಯಾನರ್ ಮೇಲೆ ಹೂಳು ಅಂತ ಹಾಕಲು ಮನಸ್ಸು ಬರಲಿಲ್ಲ. ಹೂಳೆತ್ತಿದ ಮೇಲೆ ಉಳಿಯುವುದು ಆಳ ತಾನೆ? ‘ಬಾನಾಳ’ ಅಂತ ಹಾಕಿದ್ದೇನೆ. ಎರಡೂ ಅಚ್ಚಗನ್ನಡ, ಮೈಸೂರಿನವರು ಬೈಯುವಂತಿಲ್ಲ.

ಧಾರವಾಡದವರಿಗೆ ಒಂದು ಮಾತು. ಹುಡುಗನ ಅಪ್ಪ ತೋರಿಸಿದ ವಿಡಿಯೋದಲ್ಲಿ ಅವನ ಅಜ್ಜಿ ಅಡುಗೆಮನೆಯಿಂದ ‘ಮಿನ್‌ಜುನಾ’ ಅಂತ ಕೂಗುತ್ತಾರೆ. ವ್ಯಂಜನದಲ್ಲಿ ಮುಗಿಯುವ ಹೆಸರನ್ನು ಕರೆಯುವಾಗ ಅಲ್ಲಿ ‘ಆ’ ಹಚ್ಚುತ್ತಾರಂತೆ. ನಿಮ್ಮ ಸ್ವರ ಅಜ್ಜಿ ಬಾಯಲ್ಲಿದೆ. ಬ್ಯಾನರ್‌ನಲ್ಲಿ ಇಲ್ಲ.
– ಸುವೊನ್‌ನಿಂದ

ಅಜ್ಜಿ ಸರಿ. ಆದರೆ ‘ಬಾನಾಳ’? ಹಳಗನ್ನಡದಲ್ಲಿ ಆಳಂ ಅಂದರೆ ಆಳುವುದಿಲ್ಲ. ಬಾನನ್ನು ಆಳದವನು ಅಂತ ಓದಿಕೊಳ್ಳುತ್ತಾರೆ. ‘ಬಾನಿನ ಆಳ’ ಅಂತ ಬಿಡಿಸಿ.
– ಧಾರವಾಡದಿಂದ

ಸರ್, ಫೈಲ್ ಹೋಗಿ ಅರ್ಧ ಗಂಟೆ ಆಯಿತು. ಸುವೊನ್‌ನಲ್ಲಿ ಹಳಗನ್ನಡ ಓದುವವರು ಶನಿವಾರ ಬರಲಿಕ್ಕಿಲ್ಲ.
– ಸುವೊನ್‌ನಿಂದ