ಹತ್ತು ಕ್ಲಬ್ ತಿರುಗಿದ ಮಿಡ್‌ಫೀಲ್ಡರ್ ಅಂದ್ರ ಯಾರಿಗೂ ಬ್ಯಾಡಾದವನಾ?

ಗಂಗಾವತಿ ಮಾಸ್ತರ:
ನಮಸ್ಕಾರ್ರೀ. ಫುಟ್‌ಬಾಲ್ ತಿಳಿದವರು ಇದ್ರ ಸ್ವಲ್ಪ ದಾರಿ ಹೇಳ್ರಿ.

ನಮ್ಮ ತಂಗಿ ಮಗ ಪಿಯುಸಿ ಮೊದಲನೇ ವರ್ಷ, ಮಿಡ್‌ಫೀಲ್ಡ್‌ನಾಗ ಆಡ್ತಾನ. ಹೋದ ತಿಂಗಳು ಬಳ್ಳಾರಿ ಕಡೆ ಒಂದು ಟ್ರಯಲ್ಸ್‌ಗೆ ಕರ್ಕೊಂಡು ಹೋಗಿದ್ದೆ. ಇಪ್ಪತ್ತು ನಿಮಿಷ ಆಡಿಸಿದ್ರು, ಸಂಜಿಗೆ ಪಟ್ಟಿ ಹಚ್ಚಿದ್ರು, ಅದರಾಗ ಇವನ ಹೆಸರಿಲ್ಲ. ವಾಪಸ್ ಬರೋವಾಗ ಬಸ್ಸು ಕಂಪ್ಲಿ ದಾಟೋತನಕ ಹುಡುಗ ಬಾಯಿ ಬಿಡಲಿಲ್ಲ.

ಸಮಾಧಾನ ಮಾಡಾಕ ಅಂತ ಗ್ಯಾರೆತ್ ಏನ್ಸ್‌ವರ್ತ್ ಕಥಿ ತೆಗೆದೆ. ನನಗ ಇಂಗ್ಲೆಂಡಿನ ಕೆಳಗಿನ ಲೀಗುಗಳ ಹುಚ್ಚು ಐತಿ. ಅವರ ಶನಿವಾರ ಮಧ್ಯಾಹ್ನ 3 ಗಂಟೆ ಅಂದ್ರ ಚಳಿಗಾಲದಾಗ ನಮಗ ರಾತ್ರಿ 8:30. ಮನೆಯವಳು ಧಾರಾವಾಹಿ ಹಚ್ಚಿರ್ತಾಳ, ನಾನು ಮೂಲಿಯಾಗ ಮೊಬೈಲ್ ಹಿಡ್ಕೊಂಡು ಸ್ಕೋರು ನೋಡ್ತಿರ್ತೀನಿ. ಏನ್ಸ್‌ವರ್ತ್ ಬಲಬದಿಯ ಮಿಡ್‌ಫೀಲ್ಡರ್. ಹುಟ್ಟಿದ್ದು ಬ್ಲ್ಯಾಕ್‌ಬರ್ನ್‌ನಾಗ, 1973. ತವರೂರಿನ ಕ್ಲಬ್ಬೇ ಹುಡುಗ ಇದ್ದಾಗ ಕೈಬಿಟ್ಟಿತ್ತು. ಆಮೇಲೆ ನಾರ್ತ್‌ವಿಚ್ ವಿಕ್ಟೋರಿಯಾ, ಪ್ರೆಸ್ಟನ್, ಕೇಂಬ್ರಿಡ್ಜ್, ಲಿಂಕನ್, ಪೋರ್ಟ್ ವೇಲ್, ವಿಂಬಲ್ಡನ್, ಎರವಿಗೆ ವಾಲ್ಸಾಲ್, ಕಾರ್ಡಿಫ್, ಕ್ವೀನ್ಸ್ ಪಾರ್ಕ್ ರೇಂಜರ್ಸ್, ಕಡೀಕ ವಿಕಂಬ್.

ಹುಡುಗ ಬೆರಳು ಮಡಿಚಿ ಎಣಿಸಿ ಕೇಳಿದ: "ಮಾಮಾ, ಹತ್ತು ಕ್ಲಬ್ ತಿರುಗ್ಯಾನಲ್ಲ, ಹಂಗಂದ್ರ ಯಾರಿಗೂ ಬ್ಯಾಡಾದವನೇನು?"

ನನಗ ಉತ್ತರ ಬರಲಿಲ್ಲ. ನಾನು ಅರ್ಥಶಾಸ್ತ್ರದ ಅತಿಥಿ ಉಪನ್ಯಾಸಕ ರೀ. ಹನ್ನೊಂದು ವರ್ಷಕ್ಕ ಆರು ಊರು: ಕುಷ್ಟಗಿ, ಸಿಂಧನೂರು, ಮಾನ್ವಿ, ಕಾರಟಗಿ, ಸಿರುಗುಪ್ಪ, ಈಗ ಗಂಗಾವತಿ. ಹುಡುಗ ಅವನ ಬಗ್ಗೆ ಕೇಳಿದ್ನೋ ನನ್ನ ಬಗ್ಗೆ ಕೇಳಿದ್ನೋ ಅಂತ ರಾತ್ರಿಯೆಲ್ಲಾ ಅದೇ ಯೋಚನೆ. ಏನು ಹೇಳ್ಲಿ ಅವನಿಗೆ?

ತೋರಣಗಲ್ಲು ಬಿ ಶಿಫ್ಟ್:
ಸರ್, ಎಷ್ಟು ಕ್ಲಬ್ಬು ಅಂತ ಎಣಿಸೋದು ಬಿಡಿ. ಕರೆದಿದ್ದು ಯಾರು ಅಂತ ನೋಡಿ.

ಜಾನ್ ಬೆಕ್ ಅಂತ ಒಬ್ಬ ಮ್ಯಾನೇಜರ್ ಇದ್ದ. 1992ರಲ್ಲಿ ಪ್ರೆಸ್ಟನ್‌ನಿಂದ ಏನ್ಸ್‌ವರ್ತ್‌ನ ಕೇಂಬ್ರಿಡ್ಜ್‌ಗೆ ಕರೆಸಿಕೊಂಡ. ಆಮೇಲೆ ಬೆಕ್‌ನ ಕೆಲಸವೇ ಹೋಯ್ತು, ಅದೇ ಡಿಸೆಂಬರ್‌ನಲ್ಲಿ ಪ್ರೆಸ್ಟನ್‌ಗೆ ಮ್ಯಾನೇಜರ್ ಆದ. ಹೋದ ತಕ್ಷಣ ಈ ಹುಡುಗನ್ನ ಅಲ್ಲಿಗೆ ಕರ್ಕೊಂಡ. 1995ರಲ್ಲಿ ಲಿಂಕನ್‌ಗೆ ಹೋದ, ಅಲ್ಲಿಗೂ ಕರ್ಕೊಂಡ. ನಮ್ಮ ಪ್ಲಾಂಟ್ ಕಡೆ ಮೇಸ್ತ್ರಿಗಳು ಸೈಟ್ ಬದಲಾಯಿಸೋವಾಗ ಹಂಗೇ ಮಾಡ್ತಾರೆ. ಮೊದಲು ಫೋನ್ ಹೋಗೋದು ಕೈ ಪಳಗಿದ ವೆಲ್ಡರ್‌ಗೆ. ಆ ವೆಲ್ಡರ್ ಆಧಾರ್ ಜೆರಾಕ್ಸ್ ಎಷ್ಟು ಗೇಟಲ್ಲಿ ಕೊಟ್ಟಿದ್ದಾನೆ ಅಂತ ಲೆಕ್ಕ ಹಾಕಿ ಅವನ್ನ ಬೇಡಾದವನು ಅಂತೀರಾ?

ದುಡ್ಡಿನ ಲೆಕ್ಕವೂ ನೋಡಿ. ಲಿಂಕನ್ ಕೊಟ್ಟಿದ್ದು 25,000 ಪೌಂಡ್. ಎರಡು ವರ್ಷಕ್ಕೆ ಪೋರ್ಟ್ ವೇಲ್ 5 ಲಕ್ಷ ಪೌಂಡ್ ಕೊಡ್ತು. 1998ರಲ್ಲಿ ಪ್ರೀಮಿಯರ್ ಲೀಗ್‌ನಲ್ಲಿದ್ದ ವಿಂಬಲ್ಡನ್ 20 ಲಕ್ಷ. ಅಲ್ಲಿ ಮೈದಾನಕ್ಕಿಂತ ಗಾಯದಿಂದ ಹೊರಗೆ ಕೂತಿದ್ದೇ ಜಾಸ್ತಿ, ಅದು ಅವನ ಹಣೆಬರಹ. ಆದ್ರೂ ರೇಂಜರ್ಸ್‌ನಲ್ಲಿ 2003ರಿಂದ ಏಳು ವರ್ಷ ನಿಂತ. ತಿರುಗಾಡಿ ಅನ್ನೋರು ಆ ಏಳು ವರ್ಷ ಎಣಿಸೋದೇ ಇಲ್ಲ.

ಬೆಕ್ ಬಗ್ಗೆ ಇನ್ನೊಂದು, ಹುಡುಗನಿಗೆ ನಗು ಬರ್ಲಿ ಅಂತ. ಅವನದು ಬರೀ ಉದ್ದ ಒದೆತದ ಆಟ. ಚೆಂಡು ಗೆರೆ ದಾಟಿ ಓಡಬಾರದು ಅಂತ ಮೈದಾನದ ಮೂಲೆಗಳಲ್ಲಿ ಹುಲ್ಲು ಉದ್ದಕ್ಕೆ ಬಿಡಿಸ್ತಿದ್ದ. ಪಂದ್ಯಕ್ಕೆ ಮುಂಚೆ ಆಟಗಾರರ ಮೈಮೇಲೆ ತಣ್ಣೀರು ಸುರಿಸ್ತಿದ್ದ.

ಮುಳ್ಳುಗಾಡು ಎಫ್‌ಸಿ:
ತಣ್ಣೀರಾ? ಮೇ ತಿಂಗಳು ನಮ್ಮ ಕಡೆ ನಲ್ಲ್ಯಾಗ ಬರೋ ನೀರಿಗೆ ಚಹಾಪುಡಿ ಹಾಕಿದ್ರ ಸಾಕು. ಮೂಲ್ಯಾಗ ಹುಲ್ಲು ಅಂತ ಬ್ಯಾರೆ. ನಮ್ಮ ಮೈದಾನದ ಮೂಲ್ಯಾಗ ಜಾಲಿ ಮುಳ್ಳು ಐತಿ, ಅಲ್ಲಿ ಚೆಂಡು ನಿಲ್ತೈತಿ, ಗಾಳಿ ಹೋಗಿ.

ರಾಯಚೂರು ಹಳೇ ಕೀಪರ್:
ಬಿ ಶಿಫ್ಟ್ ಅವರು ಹೇಳಿದ್ದು ಖರೆ ಅದ, ಆದ್ರ ಸಿಹಿ ಜಾಸ್ತಿ ಆತು. ಹುಡುಗನಿಗೆ ಇನ್ನೊಂದು ಬದಿನೂ ತೋರಿಸ್ರಿ ಮಾಸ್ತರೇ.

ಅಲ್ಲಿ ಗುತ್ತಿಗೆ ಮುಗಿಯೋದು ಜೂನ್ 30ಕ್ಕ. ಮೇ ತಿಂಗಳಾಗ ಕ್ಲಬ್ಬುಗಳು ಉಳಿಸಿಕೊಂಡವರ, ಬಿಟ್ಟವರ ಪಟ್ಟಿ ಹೊರಡಿಸ್ತಾವ. ಪ್ರೀಮಿಯರ್ ಲೀಗ್‌ನ 20, ಅದರ ಕೆಳಗ ಮೂರು ಹಂತದಾಗ 24ರಂಗ 72, ಒಟ್ಟು 92 ಕ್ಲಬ್ಬು. ಅದಕ್ಕೂ ಕೆಳಗ ನ್ಯಾಷನಲ್ ಲೀಗ್. ನಾಲ್ಕನೇ ಹಂತದ ಲೀಗ್ ಟೂನಾಗ 46 ಪಂದ್ಯ ಆಡಿ ಕೆಳಗಿನ ಎರಡು ಸ್ಥಾನದಾಗ ಉಳಿದ್ರ ಕ್ಲಬ್ಬೇ 92ರಿಂದ ಹೊರಗ. ಹಂಗಾದಾಗ ಮೂವತ್ತು ದಾಟಿದ ಮಿಡ್‌ಫೀಲ್ಡರ್ ಕಡೆ ಯಾರು ನೋಡ್ತಾರ?

ಮೊದಲ ಕಾಲಕ್ಕ ಹೋಲಿಸಿದ್ರ ಇದು ಎಷ್ಟೋ ಪಾಡ. 1961ರತನಕ ಅಲ್ಲಿ ಯಾವ ಆಟಗಾರನಿಗೂ ವಾರಕ್ಕ 20 ಪೌಂಡ್‌ಗಿಂತ ಹೆಚ್ಚು ಸಂಬಳ ಕೊಡೋಹಂಗ ಇರಲಿಲ್ಲ. ಗುತ್ತಿಗೆ ಮುಗಿದ್ರೂ ಕ್ಲಬ್ಬು ಬಿಡದಿದ್ರ ಕಾಲು ಕಟ್ಟಿದಂಗ. 1995ರಾಗ ಯುರೋಪಿನ ಕೋರ್ಟಿನ ಬೋಸ್ಮನ್ ತೀರ್ಪು ಬಂದ ಮ್ಯಾಲ, ಮುಗೀತು ಅಂದ್ರ ಮುಗೀತು, ಆಟಗಾರ ಪುಕ್ಕಟೆ ಹೋಗಬಹುದು. ಹೋಗೋ ಸ್ವಾತಂತ್ರ್ಯ ಬಂತು. ಉಳಿಯೋ ಸ್ವಾತಂತ್ರ್ಯ ಯಾವ ಕೋರ್ಟೂ ಕೊಡಂಗಿಲ್ಲ, ಅದು ನಿಮಗ ನನಗಿಂತ ಚೊಲೋ ಗೊತ್ತದ.

ನನಗ ಈ ಕೆಳಗಿನ ಲೀಗ್ ಪರಿಚಯ ಆಗಿದ್ದೇ ಭೂಟಿಯಾನಿಂದ. 1999ರಾಗ ಬೈಚುಂಗ್ ಭೂಟಿಯಾ ಇಂಗ್ಲೆಂಡಿನ ಮೂರನೇ ಹಂತದಾಗಿದ್ದ, ಬರಿ ಅನ್ನೋ ಊರಿನ ಕ್ಲಬ್ ಸೇರಿದ. ನಾನಾಗ ಹೈಸ್ಕೂಲು. ಪೇಪರಿನಾಗ ಬಂದ ಅಂಗೈಯಷ್ಟು ಸುದ್ದಿ ಕತ್ತರಿಸಿ ಕಂಪಾಸ್ ಬಾಕ್ಸ್‌ನಾಗ ಇಟ್ಟಿದ್ದೆ. ನಮ್ಮ ದೇಶದ ದೊಡ್ಡ ಸ್ಟ್ರೈಕರ್, ಅಲ್ಲಿ ಮೂರು ಹಂಗಾಮಿನಾಗ 37 ಲೀಗ್ ಪಂದ್ಯ, 3 ಗೋಲು. ನಮ್ಮಲ್ಲಿ ಆನೆ ಇದ್ದವನು ಅಲ್ಲಿ ಬೆಂಚಿನಾಗ ಕುಂತ. ಮೂರನೇ ಹಂತ ಅಂತ ನಾವು ಎಷ್ಟು ಹಗುರಾಗಿ ಅಂತೀವಿ ನೋಡ್ರಿ. 1885ರಾಗ ಹುಟ್ಟಿ ಎರಡು ಸಲ ಎಫ್‌ಎ ಕಪ್ ಗೆದ್ದ ಅದೇ ಬರಿ ಕ್ಲಬ್ಬನ್ನ 2019ರ ಆಗಸ್ಟ್‌ನಾಗ ದುಡ್ಡಿನ ತೊಂದರೆಗೆ ಲೀಗಿನಿಂದಲೇ ತೆಗೆದ್ರು. ಹಂಗಾಮು ಶುರು ಆಗಿ ವಾರಗಳೇ ಆಗಿದ್ದವು, ಆ ಹೊತ್ತಿನಾಗ ಆಟಗಾರ ಎಲ್ಲಿಗೆ ಹೋಗಬೇಕು?

ಅದಕ್ಕ ಏನ್ಸ್‌ವರ್ತ್ ಬಗ್ಗೆ ಹೇಳೋದಿದ್ರ ಕಡೀ ಕ್ಲಬ್ಬಿಂದ ಹೇಳ್ರಿ. ವಿಕಂಬ್‌ನಾಗ 2012ರಾಗ ಆಡ್ತಾ ಆಡ್ತಾನೇ ಮ್ಯಾನೇಜರ್ ಆದ. 2014ರ ಮೇ 3, ಹಂಗಾಮಿನ ಕಡೀ ದಿನ, ತಂಡ ಹೊರಗ ಬೀಳೋ ಜಾಗದಾಗಿತ್ತು. ಟಾರ್ಕೀನಾಗ 3-0 ಗೆದ್ರು, ಅತ್ತ ಬ್ರಿಸ್ಟಲ್ ರೋವರ್ಸ್ ಸೋತ್ರು, ಬರೇ ಗೋಲು ವ್ಯತ್ಯಾಸದಾಗ ಉಳಕೊಂಡ್ರು. 2018ರಾಗ ಮೂರನೇ ಹಂತದ ಲೀಗ್ ಒನ್‌ಗೆ ಏರಿದ್ರು. 2020ರ ಜುಲೈನಾಗ ಕೋವಿಡ್ ಕಾಲದ ಖಾಲಿ ವೆಂಬ್ಲಿ ಮೈದಾನದಾಗ ಆಕ್ಸ್‌ಫರ್ಡ್ ಮ್ಯಾಲ 2-1 ಗೆದ್ರು. ಆ ಕ್ಲಬ್ಬಿನ ಚರಿತ್ರೆಯಾಗ ಮೊದಲ ಸಲ ಎರಡನೇ ಹಂತ, ಅಂದ್ರ ಚಾಂಪಿಯನ್‌ಷಿಪ್. ಮುಂದಿನ ವರ್ಷವೇ ಮತ್ತ ಕೆಳಗ ಬಿದ್ರು, ಅದನ್ನೂ ಮುಚ್ಚಿಡಬ್ಯಾಡ್ರಿ.

ಗಂಗಾವತಿ ಮಾಸ್ತರ:
ಇಬ್ಬರಿಗೂ ಶರಣು. ಎಲ್ಲಾ ಅವನ ಕೈಯಾಗೇ ಓದಿಸಿದೆ. ವೆಂಬ್ಲಿ, 20 ಲಕ್ಷ ಪೌಂಡ್, ಯಾವುದಕ್ಕೂ ಕಣ್ಣು ಎತ್ತಲಿಲ್ಲ. ಮತ್ತ ಮ್ಯಾಲೆ ಹೋಗಿ ಒಂದೇ ಸಾಲು ಎರಡು ಸಲ ಓದಿದ: "ತವರೂರಿನ ಕ್ಲಬ್ಬೇ ಕೈಬಿಟ್ಟಿತ್ತು." ಆಮೇಲೆ ಕೇಳಿದ, "ಈ ನಾರ್ತ್‌ವಿಚ್ ಎಲ್ಲೈತಿ ಮಾಮಾ?"

ಮ್ಯಾಪ್‌ನಾಗ ತೋರಿಸಿದೆ. ಸಣ್ಣ ಊರು. ಬ್ಲ್ಯಾಕ್‌ಬರ್ನ್‌ನಿಂದ ಅಲ್ಲಿಗೆ ಬಸ್ಸು ಐತೇನು ಅಂದ. ಅದು ನನಗೂ ತಿಳೀವಲ್ದು. ಸಂಜಿಗೆ ಅಟ್ಟದ ಮ್ಯಾಲಿಂದ ಬೂಟು ಇಳಿಸಿ ಒಣಗಿದ ಕೆಸರು ಬಡೀತಿದ್ದ. ಎರೆಮಣ್ಣು, ಹಂಗ ಬಿಡಂಗಿಲ್ಲ.

ನಂದು, ಯಾವ ಕಾಲೇಜು ಅಂತ ಹೇಳೋ ಈ ವರ್ಷದ ಕೌನ್ಸೆಲಿಂಗ್ ಪಟ್ಟಿ ಇನ್ನೂ ಬಂದಿಲ್ಲ.

ಮುಳ್ಳುಗಾಡು ಎಫ್‌ಸಿ:
ಪಟ್ಟಿ ಬರೋತನಕ ಖಾಲಿನೇ ಇದೀರಿ ಅಂದಂಗಾತು. ಭಾನುವಾರ ಬೆಳಿಗ್ಗೆ ಆರಕ್ಕ ಹುಡುಗನ್ನ ಕರ್ಕೊಂಡು ಬರ್ರಿ ಸರ್, ನಮಗ ಮಿಡ್‌ಫೀಲ್ಡ್‌ನಾಗ ಒಬ್ಬ ಕಡಿಮಿ ಅದಾನ. ಬರೋವಾಗ ಒಂದು ಕುಡಗೋಲು ತರ್ರಿ, ಜಾಲಿ ಕಡೀಬೇಕು.