ಸಹಾಯ ಬೇಕು: ಪಿಎಸ್‌ಪಿ 3000ದಲ್ಲಿ ಹೋಮ್‌ಬ್ರೂ ನಿಲ್ತಿಲ್ಲ

ಎಲ್ಲರಿಗೂ ನಮಸ್ಕಾರ. ಸುಮ್ನೆ ಬಿದ್ದಿದ್ದ ಪಿಎಸ್‌ಪಿಗೆ (ಸೋನಿಯ ಕೈಯಲ್ಲಿ ಹಿಡಿದು ಆಡುವ ಗೇಮ್ ಯಂತ್ರ) ಮತ್ತೆ ಜೀವ ಕೊಡೋಣ ಅಂತ ಕೂತಿದ್ದೇನೆ. ಫರ್ಮ್‌ವೇರ್ (ಯಂತ್ರವನ್ನು ನಡೆಸುವ ಒಳಗಿನ ಸಾಫ್ಟ್‌ವೇರ್) 6.61. ಅಡಾಪ್ಟರ್‌ನಲ್ಲಿ ಹಾಕಿದ 64 ಜಿಬಿ ಮೈಕ್ರೋ ಎಸ್‌ಡಿ ಮೊದಲು ಕಾಣಲೇ ಇಲ್ಲ. ಕಾರ್ಡ್ ಎಕ್ಸ್‌ಫ್ಯಾಟ್ ಅನ್ನೋ ಫಾರ್ಮ್ಯಾಟ್‌ನಲ್ಲಿತ್ತು. ಫ್ಯಾಟ್32ಕ್ಕೆ ಫಾರ್ಮ್ಯಾಟ್ ಮಾಡಿದ ಮೇಲೆ ಸರಿಹೋಯಿತು. ಇಷ್ಟಕ್ಕೇ ಒಂದು ಸಂಜೆ ಹೋಯಿತು ಅನ್ನಿ.

ಕಸ್ಟಮ್ ಫರ್ಮ್‌ವೇರ್ (ಹೊರಗಿನವರು ಮಾರ್ಪಡಿಸಿದ ಫರ್ಮ್‌ವೇರ್) ಹಾಕಿ, ನಾನೇ ಬರೆದ ಪುಟ್ಟ ಹಾವಿನ ಆಟವನ್ನು (ಹೀಗೆ ಹವ್ಯಾಸಕ್ಕೆ ಬರೆದದ್ದಕ್ಕೇ ಹೋಮ್‌ಬ್ರೂ ಅನ್ನೋದು) ಗೇಮ್ ಫೋಲ್ಡರ್‌ಗೆ ಕಾಪಿ ಮಾಡಿದೆ. ಚೆನ್ನಾಗಿ ಓಡಿತು. ಆದರೆ ಪವರ್ ಸ್ವಿಚ್ ತಳ್ಳಿ ಹಿಡಿದು ಪೂರ್ತಿ ಆಫ್ ಮಾಡಿ ಆನ್ ಮಾಡಿದರೆ, ಆಟದ ಜಾಗದಲ್ಲಿ 'ಡೇಟಾ ಕೆಟ್ಟಿದೆ' ಅಂತ ಬರುತ್ತದೆ. ಸ್ಲೀಪ್‌ನಿಂದ ಎದ್ದರೆ ಮಾತ್ರ ತೊಂದರೆ ಇಲ್ಲ.

ಪ್ರತಿ ಸಲ ಕಸ್ಟಮ್ ಫರ್ಮ್‌ವೇರನ್ನು ಮತ್ತೆ ಓಡಿಸಲೇಬೇಕಾ, ಇಲ್ಲ ಕಾಯಂ ಮಾಡುವ ದಾರಿ ಇದೆಯಾ? ಬ್ಯಾಟರಿ ಅರ್ಧ ಗಂಟೆಯೂ ನಿಲ್ಲುವುದಿಲ್ಲ. ಫರ್ಮ್‌ವೇರ್ ಹಾಕುವಾಗ ಮಧ್ಯದಲ್ಲಿ ಕೈಕೊಟ್ಟು ಬ್ರಿಕ್ ಆದರೆ (ಯಂತ್ರ ಮತ್ತೆ ಆನ್ ಆಗದಂತೆ ಕೆಟ್ಟರೆ) ಅಂತ ದಿಗಿಲು. ಮಾಡಿ ನೋಡಿದವರು ದಯವಿಟ್ಟು ತಿಳಿಸಿ.