ಪದಚರ್ಚೆ: ‘ಎಫೆಮೆರಲ್’ ಹಳ್ಳವನ್ನು ಕನ್ನಡದಲ್ಲಿ ಏನೆನ್ನಬೇಕು?

ಪ್ರಶ್ನೆ (ಅನುವಾದಕಿ, ಮಧುಗಿರಿ)

ಬಳಗದ ಹಿರಿಯರಿಗೆ ನಮಸ್ಕಾರಗಳು. ಜಯಮಂಗಲಿಗೆ ಹೋಗಿ ಸೇರುವ ಹಳ್ಳವೊಂದರ ಹೂಳು ತೆಗೆದು ದಡ ಭದ್ರಪಡಿಸುವ ಕೆಲಸ ನಮ್ಮ ಕಡೆ ನಡೆದಿದೆ. ಅಲ್ಲಿ ನಿಲ್ಲಿಸುವ ಫಲಕದ ಇಂಗ್ಲಿಷ್ ಬರಹವನ್ನು ಕನ್ನಡಕ್ಕೆ ತರುವ ಹೊಣೆ ನನ್ನದು. ಮೊದಲ ವಾಕ್ಯದಲ್ಲೇ ‘ಎಫೆಮೆರಲ್ ಸ್ಟ್ರೀಮ್’ ಎಂದಿದೆ. ನಿಘಂಟು ತೆರೆದರೆ ಕ್ಷಣಿಕ, ಅಲ್ಪಾಯು, ಅಶಾಶ್ವತ, ನಶ್ವರ ಎಂಬ ಸಾಲು ಸಿಗುತ್ತದೆ. ‘ಇದು ಕ್ಷಣಿಕ ಹಳ್ಳ’ ಎಂದು ಬರೆಸಿದರೆ ದನ ಹೊಡೆದುಕೊಂಡು ಹೋಗುವವರು ಅದನ್ನು ಮಠದವರು ನೆಟ್ಟ ವೈರಾಗ್ಯದ ಬೋರ್ಡು ಎಂದುಕೊಂಡಾರು. ಅದೇ ಬರಹದಲ್ಲಿ ಮುಂದೆ ‘ಇಂಟರ್‌ಮಿಟೆಂಟ್’ ಮತ್ತು ‘ಪೆರೆನಿಯಲ್’ ಎಂಬ ಮಾತುಗಳೂ ಬರುವುದರಿಂದ ಮೂರಕ್ಕೂ ಬೇರೆ ಬೇರೆ ಪದ ಬೇಕು. ಒಂದರ ಜಾಗದಲ್ಲಿ ಇನ್ನೊಂದನ್ನು ಓದಿಕೊಳ್ಳುವಂತಿರಬಾರದು. ಬೋರ್ಡು ಬರೆಯುವವರು ತಗಡಿಗೆ ಹಳದಿ ಬಣ್ಣ ಬಳಿದು ಒಣಗಿಸಿಟ್ಟಿದ್ದಾರೆ, ಸೋಮವಾರಕ್ಕೆ ಅಕ್ಷರ ಕೊಡಬೇಕು. ಎರವಲು ಪದಗಳ ಹಳೆಯ ಜಗಳವನ್ನು ದಯಮಾಡಿ ಈ ಸಲ ತೆಗೆಯಬೇಡಿ.

ಉತ್ತರ (ನಿವೃತ್ತ ಅಧ್ಯಾಪಕ, ಮುಳಬಾಗಿಲು)

ಪದದ ಬೇರನ್ನು ಹಿಡಿದರೆ ಅನುವಾದ ತಾನಾಗಿ ಒದಗುತ್ತದೆ. ಗ್ರೀಕಿನಲ್ಲಿ ‘ಎಪಿ’ ಎಂದರೆ ಮೇಲೆ ಅಥವಾ ಅಷ್ಟರ ಮಟ್ಟಿಗೆ, ‘ಹೆಮೆರ’ ಎಂದರೆ ಹಗಲು, ದಿನ; ಎರಡೂ ಕೂಡಿದ ‘ಎಫೆಮೆರೋಸ್’ ಎಂದರೆ ಒಂದು ದಿನದ ಮಟ್ಟಿಗೆ ಇರುವಂಥದು. ಬೆಳಗ್ಗೆ ಹುಟ್ಟಿ ಸಂಜೆಗೆ ಸಾಯುವ ನೀರಹುಳುವಿಗೆ ಅರಿಸ್ಟಾಟಲನು ಬಳಸಿದ್ದು ಇದೇ ಪದ. ಇಂದಿಗೂ ಪ್ರಾಣಿಶಾಸ್ತ್ರದಲ್ಲಿ ಆ ಕೀಟಗಳ ಗಣದ ಹೆಸರು ‘ಎಫೆಮೆರಾಪ್ಟೆರ’. ಗ್ರಹಗಳ ದಿನದಿನದ ಸ್ಥಾನವನ್ನು ಪಟ್ಟಿ ಮಾಡಿ ಕೊಡುವ ‘ಎಫೆಮೆರಿಸ್’ ಕೂಡ ಇದೇ ಮನೆತನದ್ದು. ಸಂಸ್ಕೃತದಲ್ಲಿ ದಿನಕ್ಕೆ ಅಹಃ, ಒಂದೇ ದಿನದಲ್ಲಿ ಮುಗಿಯುವ ಸೋಮಯಾಗಕ್ಕೆ ಏಕಾಹ ಎಂಬ ಹೆಸರು ಮೊದಲಿನಿಂದಲೂ ಇದೆ. ಆದ್ದರಿಂದ ‘ಏಕಾಹಿಕ’ ಎನ್ನುವುದಕ್ಕಿಂತ ನಿಷ್ಕೃಷ್ಟವಾದ ಪದ ಇನ್ನೊಂದಿಲ್ಲ. ‘ಕ್ಷಣಿಕ’ ಬೇಡವೆಂಬ ನಿಮ್ಮ ಅನಿಸಿಕೆ ಸರಿಯಾದದ್ದೇ. ಕ್ಷಣಿಕವಾದವೆಂಬ ಬೌದ್ಧ ದರ್ಶನದ ನೆರಳು ಆ ಪದದ ಮೇಲಿದೆ. ಅಲ್ಲಿ ಹಳ್ಳವೊಂದೇ ಅಲ್ಲ, ಬೆಟ್ಟವೂ ಕ್ಷಣಿಕವೇ.

ಉತ್ತರ (ಗುಬ್ಬಿ)

ಏಕಾಹಿಕ ಹಳ್ಳ ಎಂದು ಬರೆಸಿದರೆ ಗುಬ್ಬಿ ಸಂತೆಗೆ ಬರುವ ಸಾವಿರ ಜನರಲ್ಲಿ ಒಬ್ಬರಿಗೂ ತಿಳಿಯುವುದಿಲ್ಲ. ಗ್ರೀಕನ್ನು ಇಳಿಸಿ ಸಂಸ್ಕೃತವನ್ನು ಏರಿಸುವುದು ಅನುವಾದವಲ್ಲ, ಹೊರೆ ಬದಲಾಯಿಸುವುದು. ಕನ್ನಡದಲ್ಲಿ ಒಂದು ಎಂಬುದು ಸಮಾಸಕ್ಕೆ ಬಂದಾಗ ಒಮ್ಮನ, ಒಗ್ಗಟ್ಟು ಎಂದಾಗುವ ಹಾಗೆಯೇ ಒಂದು ಪೊತ್ತು ‘ಒಪ್ಪೊತ್ತು’ ಆಗುತ್ತದೆ. ಏಕಾದಶಿಯ ಮಾರನೆಯ ಮಾತಿರಲಿ, ಶನಿವಾರ ಒಪ್ಪೊತ್ತು ಇರುವವರು ಈ ಬಳಗದಲ್ಲೇ ಇದ್ದಾರೆ. ‘ಒಪ್ಪೊತ್ತಿನ ಹಳ್ಳ’ ಎನ್ನಿ. ಮೇಷ್ಟರು ಹೇಳಿದ ಒಂದು ದಿನದ ಅಳತೆಯೂ ಅದರಲ್ಲಿ ಬಂದಿತು, ಮಾತೂ ನಮ್ಮದಾಗಿಯೇ ಉಳಿಯಿತು.

ಉತ್ತರ (ಪಶುವೈದ್ಯ, ಚಿಂತಾಮಣಿ)

ಇಬ್ಬರೂ ಒಂದು ದಿನದ ಲೆಕ್ಕಕ್ಕೇ ಗಂಟುಬಿದ್ದಿದ್ದೀರಿ. ಇಂಗ್ಲಿಷಿನಲ್ಲಿ ಆ ಲೆಕ್ಕ ಎಂದೋ ಸಡಿಲವಾಗಿದೆ ಎಂಬುದಕ್ಕೆ ನನ್ನ ವೃತ್ತಿಯಲ್ಲೇ ಸಾಕ್ಷಿ ಇದೆ. ಸೊಳ್ಳೆಗಳಿಂದಲೂ ಕಚ್ಚುವ ಸಣ್ಣ ನೊಣಗಳಿಂದಲೂ ದನಗಳಿಗೆ ಹರಡುವ ವೈರಸ್ ಜ್ವರವೊಂದಕ್ಕೆ ಪಠ್ಯಪುಸ್ತಕದಲ್ಲಿ ‘ಬೊವೈನ್ ಎಫೆಮೆರಲ್ ಫೀವರ್’ ಎಂಬ ಹೆಸರಿದೆ. ಮೊದಲ ದಿನ ಹಸು ಮೇವು ಬಿಟ್ಟು ನಡುಗುತ್ತದೆ, ಬಾಯಿಂದ ಜೊಲ್ಲು ಇಳಿಯುತ್ತದೆ, ಡೇರಿಗೆ ಹಾಕುವ ಹಾಲು ಅರ್ಧಕ್ಕೂ ಕೆಳಗೆ ಬೀಳುತ್ತದೆ. ಮರುದಿನ ಒಂದು ಕಾಲು ಎಳೆಯುತ್ತದೆ ಅಥವಾ ಮಲಗಿಯೇ ಬಿಡುತ್ತದೆ. ಮೂರನೆಯ ದಿನಕ್ಕೆ ಸಾಮಾನ್ಯವಾಗಿ ಎದ್ದು ನಿಲ್ಲುತ್ತದೆ. ನಮ್ಮ ರೈತರು ಇದನ್ನು ‘ಮೂರು ದಿನದ ಜ್ವರ’ ಎನ್ನುತ್ತಾರೆ. ಮೇಷ್ಟರ ಸೂತ್ರದಂತೆ ನಾನು ‘ಏಕಾಹಿಕ ಜ್ವರ’ ಎಂದು ಬರೆದುಕೊಟ್ಟರೆ, ಹಸು ನಾಳೆಯೇ ಏಳಲಿಲ್ಲವೆಂದು ರೈತ ನನ್ನ ಮೇಲೆ ಬರುತ್ತಾನೆ.

ಈ ವಿಶೇಷಣಕ್ಕೆ ಇಂಗ್ಲಿಷಿನಲ್ಲಿ ಕನಿಷ್ಠ ಮೂರು ಜಾಡುಗಳಿವೆ. ಕಾವ್ಯ ಮತ್ತು ಸಾಮಾನ್ಯ ಬರಹದಲ್ಲಿ ಕೀರ್ತಿ, ಚೆಲುವು, ಸಂತೋಷ ಇವುಗಳ ಜೊತೆ ಬರುವಾಗ ಅದರಲ್ಲಿ ಒಂದು ವಿಷಾದವಿರುತ್ತದೆ. ಅಲ್ಲಿ ಕ್ಷಣಿಕ, ನಶ್ವರ ಎಂಬವು ಚೆನ್ನಾಗಿಯೇ ಒಪ್ಪುತ್ತವೆ. ಓದಿ ಬಿಸಾಡಲೆಂದೇ ಅಚ್ಚು ಮಾಡಿದ ಕರಪತ್ರ, ಬಸ್ ಟಿಕೆಟ್, ಮದುವೆ ಕರೆಯೋಲೆ, ನಾಟಕದ ಪೋಸ್ಟರುಗಳನ್ನು ಸಂಗ್ರಹಾಲಯದವರು ‘ಎಫೆಮೆರ’ ಎಂದು ಕೂಡಿಡುವಾಗ ಉಳಿಯುವ ಉದ್ದೇಶವೇ ಇಲ್ಲದ್ದು ಎಂಬ ಅರ್ಥ ಮುಂದಾಗುತ್ತದೆ. ವಿಜ್ಞಾನಕ್ಕೆ ಬಂದರೆ ವಿಷಾದವೂ ಇಲ್ಲ, ಉದ್ದೇಶದ ಮಾತೂ ಇಲ್ಲ. ಪ್ರತಿಯೊಂದು ಶಾಸ್ತ್ರವೂ ತನಗೆ ಬೇಕಾದ ಗೆರೆಯನ್ನು ಎಳೆದುಕೊಂಡಿದೆ. ಜಲಶಾಸ್ತ್ರದ ಗೆರೆ ಯಾವುದೆಂದು ಅದನ್ನು ಬಲ್ಲವರನ್ನು ಕೇಳಬೇಕೇ ಹೊರತು ಗ್ರೀಕರನ್ನಲ್ಲ.

ಉತ್ತರ (ವಕೀಲ, ಕೋಲಾರ)

ಯಾರಾದರೂ ‘ತಾತ್ಕಾಲಿಕ ಹಳ್ಳ’ ಎಂದು ಸೂಚಿಸುವ ಮುನ್ನವೇ ಒಂದು ಮಾತು. ಗ್ರಾಮ ನಕ್ಷೆಯಲ್ಲಿ ಹಳ್ಳಕ್ಕೆ ಗೆರೆ ಇರುತ್ತದೆ, ಪಹಣಿಯಲ್ಲಿ ಅದು ಖರಾಬಿಗೆ ಹೋಗಿರುತ್ತದೆ. ವರ್ಷಗಟ್ಟಲೆ ನೀರು ಕಾಣದ ಹಳ್ಳವನ್ನು ಎರಡೂ ಬದಿಯ ಹಿಡುವಳಿದಾರರು ಬದು ಸರಿಸುತ್ತಾ ಸರಿಸುತ್ತಾ ನೇಗಿಲ ಕೆಳಗೆ ಹಾಕಿಕೊಳ್ಳುವುದು ನಮ್ಮ ಜಿಲ್ಲೆಯಲ್ಲಿ ಹೊಸದಲ್ಲ. ಅಂಥ ಜಾಗದಲ್ಲಿ ಪಂಚಾಯಿತಿಯೇ ‘ತಾತ್ಕಾಲಿಕ’, ‘ಅಶಾಶ್ವತ’ ಎಂದು ಫಲಕ ನೆಟ್ಟರೆ, ನಾಳೆ ಒತ್ತುವರಿ ತೆರವಿಗೆ ಹೋದಾಗ ಎದುರುಗಡೆಯವರು ಆ ಫಲಕದ ಫೋಟೋವನ್ನೇ ಹಾಜರುಪಡಿಸುತ್ತಾರೆ. ‘ಹಂಗಾಮಿ’ ಎನ್ನುವವರಿಗೂ ಇದೇ ಉತ್ತರ: ಕಾಯಂ ಹಳ್ಳ ರಜೆಯ ಮೇಲೆ ಹೋಗಿದೆ, ಇದು ಅದರ ಚಾರ್ಜಿನಲ್ಲಿದೆ ಎಂದು ಓದಿಕೊಳ್ಳಬೇಕಾಗುತ್ತದೆ.

ಉತ್ತರ (ಮುಳಬಾಗಿಲು)

ಪಶುವೈದ್ಯರು ವ್ಯುತ್ಪತ್ತಿಯನ್ನು ಕೊಟ್ಟಿಗೆಗೆ ಕಟ್ಟಿದ್ದಾರೆ. ರೂಢಿಯಲ್ಲಿ ಅರ್ಥ ಜರುಗಿತೆಂದ ಮಾತ್ರಕ್ಕೆ ಮೂಲ ಸುಳ್ಳಾಗುವುದಿಲ್ಲ. ಗುಬ್ಬಿಯವರಿಗೆ ಸಂಸ್ಕೃತ ಹೊರೆಯಾದರೆ ಪಾರಸಿಯಿಂದ ಬಂದ ‘ಹಂಗಾಮು’, ಅರಬ್ಬಿಯಿಂದ ಬಂದ ‘ತಾಲ್ಲೂಕು’ ಹಗುರವೇ? ತಾವು ಈ ಓಲೆಗಳನ್ನು ಕಳಿಸುವುದು ಯಾವ ತಾಲ್ಲೂಕಿನಿಂದ?

ಉತ್ತರ (ಗುಬ್ಬಿ)

ಬಂದು ನೆಲೆಸಿದ ನಂಟರು ಬೇರೆ, ಬಾಗಿಲಲ್ಲಿ ನಿಂತವರು ಬೇರೆ. ತಾಲ್ಲೂಕು ನೆಲೆಸಿದೆ. ಏಕಾಹಿಕ ಬಾಗಿಲಲ್ಲೂ ನಿಂತಿಲ್ಲ, ಇನ್ನೂ ಮುಳಬಾಗಿಲಿನಲ್ಲೇ ಇದೆ.

ಉತ್ತರ (ಸಣ್ಣ ನೀರಾವರಿ ಇಂಜಿನಿಯರ್, ಗೌರಿಬಿದನೂರು)

ಮೇಡಂ, ನಿಮಗೆ ಸೋಮವಾರದ ಗಡುವು ಇರುವುದರಿಂದ ವಿಷಯಕ್ಕೆ ಬರುತ್ತೇನೆ. ಜಲವಿಜ್ಞಾನದಲ್ಲಿ ಎಫೆಮೆರಲ್ ಎಂಬುದು ಕಾಲದ ಅಳತೆಗಿಂತ ಹೆಚ್ಚಾಗಿ ನೀರು ಎಲ್ಲಿಂದ ಬಂತು ಎಂಬುದರ ಗುರುತು. ಅಂತರ್ಜಲದ ಮಟ್ಟ ವರ್ಷವಿಡೀ ಹಳ್ಳದ ತಳಕ್ಕಿಂತ ಕೆಳಗೇ ಇದ್ದು, ಮಳೆ ಬಿದ್ದಾಗ ಮೇಲಿನ ಗುಡ್ಡ ಮತ್ತು ಹೊಲಗಳಿಂದ ಓಡಿಬಂದ ನೀರೊಂದೇ ಅದರಲ್ಲಿ ಹರಿಯುವುದಾದರೆ ಅದು ಎಫೆಮೆರಲ್. ಮಳೆಗಾಲದಲ್ಲಿ ಅಂತರ್ಜಲ ಮೇಲೇರಿ ತಳವನ್ನು ಮುಟ್ಟಿ, ಮಳೆ ಬಿಟ್ಟ ಮೇಲೂ ವಾರಗಟ್ಟಲೆ, ತಿಂಗಳುಗಟ್ಟಲೆ ಒರತೆಯ ನೀರು ಹರಿಯುತ್ತಿದ್ದು ಆಮೇಲೆ ನಿಲ್ಲುವುದಾದರೆ ಅದು ಇಂಟರ್‌ಮಿಟೆಂಟ್. ಬೇಸಿಗೆಯಲ್ಲೂ ಒರತೆ ಕೈಬಿಡದಿದ್ದರೆ ಪೆರೆನಿಯಲ್. ಆದ್ದರಿಂದ ‘ಮಳೆಗಾಲದ ಹಳ್ಳ’ ಎಂಬ ಪದ ಕೇಳಲು ಹಿತವಾಗಿದ್ದರೂ ಎರಡನೆಯದಕ್ಕೆ ಸಲ್ಲುತ್ತದೆ, ಮೊದಲನೆಯದಕ್ಕಲ್ಲ. ಬೇಸಿಗೆಯ ಒಂದು ಅಡ್ಡಮಳೆಗೂ ಎಫೆಮೆರಲ್ ಹಳ್ಳ ತುಂಬಿ ಹರಿಯಬಹುದು. ಮಳೆಗಾಲದ ನಡುವೆ ಹದಿನೈದು ದಿನ ಬಿಸಿಲು ಬಿದ್ದರೆ ಅದರಲ್ಲಿ ಮರಳಷ್ಟೇ ಕಾಣಬಹುದು. ಗುಬ್ಬಿಯವರ ಒಪ್ಪೊತ್ತಿಗೂ ಇದೇ ತೊಡಕು. ಜೋರು ಮಳೆ ಮೂರು ದಿನ ಹಿಡಿದರೆ ಅದು ಮೂರು ದಿನವೂ ಹರಿಯುತ್ತದೆ, ಆಗಲೂ ಎಫೆಮೆರಲ್ಲೇ.

ನಮ್ಮ ಮೂರು ಜಿಲ್ಲೆಗಳಲ್ಲಿ ಈ ಭೇದ ಪುಸ್ತಕದ್ದಲ್ಲ. ಮಧುಗಿರಿ, ಕೊರಟಗೆರೆ, ಪಾವಗಡದ ಹಿರಿಯರಿಗೆ ‘ತಲಪರಿಗೆ’ ಎಂದರೆ ವಿವರಿಸಬೇಕಿಲ್ಲ. ಹೊಳೆಯ ಮರಳಿನಲ್ಲಿ, ಇಲ್ಲವೇ ಕೆರೆಯ ಹಿಂದಿನ ತಗ್ಗಿನಲ್ಲಿ ಒರತೆ ಉಕ್ಕುವ ಜಾಗವನ್ನು ಅಗೆದು, ಬಂದ ನೀರನ್ನು ಸಣ್ಣ ಕಾಲುವೆಯಲ್ಲಿ ಗದ್ದೆಗೆ ತಿರುಗಿಸಿಕೊಂಡು, ಅಚ್ಚುಕಟ್ಟಿನವರೆಲ್ಲ ಸೇರಿ ಅದರ ಹೂಳು ತೆಗೆಯುತ್ತಿದ್ದರು. ತಲಪರಿಗೆ ಜೀವಂತವಿದ್ದ ಹೊಳೆ ಎಫೆಮೆರಲ್ ಆಗಿರಲು ಸಾಧ್ಯವಿಲ್ಲ. ಕೊಳವೆಬಾವಿಗಳು ಇಳಿದಂತೆಲ್ಲ ಅಂತರ್ಜಲ ಕೆಳಗೆ ಹೋಯಿತು, ನೀರು ಹಿಡಿದಿಟ್ಟುಕೊಳ್ಳುತ್ತಿದ್ದ ಮರಳು ಲಾರಿ ಹತ್ತಿತು, ಒರತೆ ಬತ್ತಿತು. ಎರಡನೆಯ ವರ್ಗದ ಹೊಳೆ ಹೀಗೆ ಮೊದಲನೆಯ ವರ್ಗಕ್ಕೆ ಇಳಿಯಿತು. ದೇವರಾಯನದುರ್ಗದ ತಪ್ಪಲಿನ ನಾಮದ ಚಿಲುಮೆಯಲ್ಲಿ ಬಂಡೆಯ ಕುಳಿಯಿಂದ ನೀರು ಒಸರುವುದನ್ನು ನೋಡಿದವರಿಗೆ ಒರತೆ ಎಂದರೇನೆಂದು ಗೊತ್ತು. ಜಯಮಂಗಲಿ ಹುಟ್ಟುವುದೂ ಅದೇ ಬೆಟ್ಟಸಾಲಿನಲ್ಲಿ. ಹೊಳೆಗಳ ಸ್ಥಿತಿ ಹೀಗೆ ಬದಲಾಗಿರುವಾಗ ವರ್ಗಗಳ ಹೆಸರುಗಳೂ ಬಿಡಿಬಿಡಿಯಾಗಿರಬೇಕು.

ವಕೀಲರ ಆತಂಕ ಭಾಷೆಯ ದೃಷ್ಟಿಯಿಂದಲೂ ನಿಜ. ಇಂಗ್ಲಿಷಿನವರು ಆ ವಿಶೇಷಣವನ್ನು ಹಳ್ಳದ ಹೆಸರಿಗೆ ತಗುಲಿಸಿದ್ದಾರೆ, ಆದರೆ ಅದು ಹೇಳುವುದು ಹರಿವಿನ ಬಗ್ಗೆ. ಹರಿವು ಬಂದು ಹೋಗುತ್ತದೆ, ಹಳ್ಳ ಎಲ್ಲಿಗೂ ಹೋಗುವುದಿಲ್ಲ. ಕನ್ನಡದಲ್ಲಿ ಕ್ಷಣಿಕ, ಅಲ್ಪಾಯು, ಏಕಾಹಿಕ, ಒಪ್ಪೊತ್ತಿನ ಇವುಗಳಲ್ಲಿ ಯಾವುದನ್ನು ಹಳ್ಳದ ಹಿಂದೆ ಇಟ್ಟರೂ ಹಳ್ಳವೇ ಅಳಿದುಹೋಗುವ ವಸ್ತುವಾಗಿಬಿಡುತ್ತದೆ. ವಿಶೇಷಣವನ್ನು ಹರಿವಿಗೆ ಸಾಗಿಸಿ ‘ಮಳೆಹರಿವಿನ ಹಳ್ಳ’ ಎನ್ನಿ. ಎರಡನೆಯದು ‘ಒರತೆ ಬತ್ತುವ ಹಳ್ಳ’, ಮೂರನೆಯದು ‘ಒರತೆ ಬತ್ತದ ಹಳ್ಳ’. ‘ಜೀವನದಿ’ ಎಂಬ ರೂಢಿಯ ಪದ ಇದೆಯಾದರೂ ಮೊಣಕಾಲುದ್ದದ ಹಳ್ಳಕ್ಕೆ ಅದು ದೊಡ್ಡ ಪೇಟವಾದೀತು. ನಮ್ಮ ಇಲಾಖೆಗೇ ಸಂಬಂಧಿಸಿದ ಇನ್ನೊಂದು ಬಳಕೆಯನ್ನೂ ಹೇಳಿಬಿಡುತ್ತೇನೆ. ಮಣ್ಣಿನ ಸವೆತದ ಅಧ್ಯಯನದಲ್ಲಿ ‘ಎಫೆಮೆರಲ್ ಗಲ್ಲಿ’ ಎಂದರೆ ಮಳೆಗೆ ಹೊಲದಲ್ಲಿ ಬಿದ್ದು, ಉತ್ತಾಗ ಮುಚ್ಚಿ, ಮುಂದಿನ ಮಳೆಗೆ ಹೆಚ್ಚುಕಡಿಮೆ ಅದೇ ಜಾಗದಲ್ಲಿ ಮತ್ತೆ ಬೀಳುವ ಕೊರಕಲು. ಅಲ್ಲಿ ಅಳಿಯುವುದು ಕೊರಕಲೇ. ಆದ್ದರಿಂದ ‘ಉಳುಮೆಗೆ ಮುಚ್ಚುವ ಕೊರಕಲು’ ಎನ್ನಬೇಕೇ ಹೊರತು ‘ಮಳೆಹರಿವಿನ ಕೊರಕಲು’ ಎಂದರೆ ತಪ್ಪಾಗುತ್ತದೆ.

ಉತ್ತರ (ಗುಬ್ಬಿ)

ಮಳೆಹರಿವು ಒಪ್ಪಿಗೆ. ಹರಿವಿನ ಹಳೆಯ ರೂಪ ‘ಪರಿ’, ಹಳ್ಳದ ಹಳೆಯ ರೂಪ ‘ಪಳ್ಳ’. ಎರಡೂ ನೆಲದ ಮಾತುಗಳು. ‘ತಲಪರಿಗೆ’ಯಲ್ಲಿಯೂ ಅದೇ ‘ಪರಿ’ ಇರಬೇಕು. ತಲೆಯ ಕಡೆಯಿಂದ ಪರಿಯುವುದು ಎಂದು ನನ್ನ ಊಹೆ.

ಉತ್ತರ (ಮುಳಬಾಗಿಲು)

ನೀರು ಉಕ್ಕುವುದು ತಳದಿಂದ, ತಲೆಯಿಂದಲ್ಲ. ‘ತಲ’ ಸಂಸ್ಕೃತದ್ದು.

ಉತ್ತರ (ಗುಬ್ಬಿ)

ಪಾವಗಡದಲ್ಲಿ ತೆಲುಗಿನವರು ತಲೆಗೆ ‘ತಲ’ ಎಂದೇ ಅನ್ನುತ್ತಾರೆ. ಶಾಸನ ಇದ್ದರೆ ತೋರಿಸಿ.

ಉತ್ತರ (ಮುಳಬಾಗಿಲು)

ಊಹೆ ಮಾಡಿದವರು ತಾವು. ಶಾಸನ ತೋರಿಸಬೇಕಾದವರೂ ತಾವೇ.

ಉತ್ತರ (ವಕೀಲ, ಕೋಲಾರ)

ಇಂಜಿನಿಯರರಿಗೆ ಒಂದು ಉಪಪ್ರಶ್ನೆ. ಬೆಂಗಳೂರಿನ ಸಂಸ್ಕರಿಸಿದ ನೀರನ್ನು ತರುವ ಕೆ.ಸಿ. ವ್ಯಾಲಿ ಯೋಜನೆ 2018ರಲ್ಲಿ ಆರಂಭವಾದ ಮೇಲೆ ನಮ್ಮಲ್ಲಿ ಕೆರೆಯ ಕೋಡಿಯಿಂದ ಮುಂದಿನ ಕೆರೆಗೆ ಹೋಗುವ ಕೆಲವು ಹಳ್ಳಗಳಲ್ಲಿ ಮಳೆಯಿಲ್ಲದ ಕಾಲದಲ್ಲೂ ನೀರು ಓಡುತ್ತಿದೆ. ಅದು ಮಳೆಹರಿವೂ ಅಲ್ಲ, ಒರತೆಯೂ ಅಲ್ಲ. ಅದನ್ನು ಏನೆನ್ನುತ್ತೀರಿ?

ಉತ್ತರ (ಗೌರಿಬಿದನೂರು)

ಅದು ಬಿಟ್ಟ ನೀರು. ‘ಬಿಟ್ಟ ನೀರಿನ ಹಳ್ಳ’ ಎನ್ನಬಹುದು. ಅದನ್ನು ಪೆರೆನಿಯಲ್ ಎಂದು ವರದಿಗಳಲ್ಲಿ ಬರೆಯುವವರಿದ್ದಾರೆ. ಪಂಪು ನಿಂತರೆ ಹಳ್ಳವೂ ನಿಲ್ಲುವುದರಿಂದ ನಾನು ಬರೆಯುವುದಿಲ್ಲ.

ಪ್ರಶ್ನೆ ಕೇಳಿದವರಿಂದ (ಮಧುಗಿರಿ)

ಎಲ್ಲರಿಗೂ ಕೃತಜ್ಞತೆಗಳು. ಫಲಕಕ್ಕೆ ಈ ಕೆಳಗಿನಂತೆ ಬರೆದುಕೊಟ್ಟಿದ್ದೇನೆ: ‘ಇದು ಮಳೆಹರಿವಿನ ಹಳ್ಳ. ಮಳೆ ಬಂದಾಗ ಮಾತ್ರ ಇಲ್ಲಿ ನೀರು ಹರಿಯುತ್ತದೆ. ಹರಿದ ನೀರು ಮರಳಿನಲ್ಲಿ ಇಂಗಿ ಸುತ್ತಲಿನ ಬಾವಿಗಳಿಗೆ ಸೇರುತ್ತದೆ. ಮೇಲೆ ಮಳೆಯಾದರೆ ಇಲ್ಲಿ ಬಿಸಿಲಿದ್ದರೂ ಇದ್ದಕ್ಕಿದ್ದಂತೆ ನೀರು ಬರಬಹುದು. ಹಳ್ಳದೊಳಗೆ ವಾಹನ ನಿಲ್ಲಿಸಬೇಡಿ, ದನ ಕಟ್ಟಬೇಡಿ.’ ಕೊನೆಯ ಎರಡು ವಾಕ್ಯಗಳು ಮೂಲದಲ್ಲಿರಲಿಲ್ಲ. ಆ ವಿಶೇಷಣದ ಅರ್ಥ ತಿಳಿದ ಮೇಲೆ ಅವಿಲ್ಲದೆ ಫಲಕ ಅರ್ಧವೆನಿಸಿ, ಪಂಚಾಯಿತಿಯವರ ಒಪ್ಪಿಗೆ ಪಡೆದು ಸೇರಿಸಿದೆ. ‘ಮಳೆಹರಿವಿನ’ ಎಂಬುದನ್ನು ಒಂದೇ ಪದವಾಗಿ ಬರೆಯಬೇಕೋ ಬಿಡಿಸಿ ಬರೆಯಬೇಕೋ ಎಂದು ಬೋರ್ಡು ಬರೆಯುವವರು ಕೇಳಿದ್ದರು. ಸಮಾಸವಾದ್ದರಿಂದ ಕೂಡಿಸಿಯೇ ಬರೆಯಲು ಹೇಳಿದ್ದೇನೆ. ತಲಪರಿಗೆಯ ಚರ್ಚೆಯನ್ನು ಮುಂದುವರಿಸುವವರು ಅದಕ್ಕೆ ಬೇರೆ ತಲೆಬರಹ ಕೊಟ್ಟು ಪ್ರತ್ಯೇಕವಾಗಿ ಆರಂಭಿಸಬೇಕೆಂದು ಕೋರುತ್ತೇನೆ.